ಕೋಲಾರದ ಬೆಟ್ಟಗಳು ಯಾರ ಬಳಕೆಗೆ? ರಾಜ್ಯ ಅರಣ್ಯದ ಚರಿತ್ರೆ ಮತ್ತು ವಿಹಾರದ ಪ್ರಶ್ನೆ

ಕೋಲಾರ, ಮಾಲೂರು, ಮುಳಬಾಗಿಲು ಮತ್ತು ಶ್ರೀನಿವಾಸಪುರ ತಾಲ್ಲೂಕುಗಳ ಬೆಟ್ಟಸಾಲುಗಳಲ್ಲಿ ಹೆಚ್ಚಿನವು ಸರ್ಕಾರಿ ದಾಖಲೆಗಳಲ್ಲಿ ಅರಣ್ಯವೆಂದು ನಮೂದಾಗಿದ್ದರೂ, ಅದೇ ಬೆಟ್ಟಗಳನ್ನು ಭಕ್ತರು ಕ್ಷೇತ್ರವೆಂದೂ, ಕುರಿಗಾಹಿಗಳು ಮೇವಿನ ನೆಲವೆಂದೂ, ತಪ್ಪಲಿನ ರೈತರು ತಮ್ಮ ಸಾಗುವಳಿಯ ಎಲ್ಲೆಯೆಂದೂ, ಇತ್ತೀಚಿನ ದಶಕಗಳಲ್ಲಿ ಬೆಂಗಳೂರಿನ ಯುವಜನರು ಚಾರಣದ ತಾಣವೆಂದೂ ಬಳಸುತ್ತ ಬಂದಿದ್ದಾರೆ. ಈ ಬಳಕೆಗಳಲ್ಲಿ ಯಾವುದಕ್ಕೆ ಆದ್ಯತೆ ಸಲ್ಲಬೇಕು, ಯಾವುದನ್ನು ನಿರ್ಬಂಧಿಸಬೇಕು, ಅದನ್ನು ನಿರ್ಧರಿಸುವ ಅಧಿಕಾರ ಯಾರಿಗಿರಬೇಕು ಎಂಬ ವಿಷಯದಲ್ಲಿ ಅರಣ್ಯ ಆಡಳಿತಗಾರರು, ಪರಿಸರ ವಿಜ್ಞಾನಿಗಳು, ರೈತ ಸಂಘಟನೆಗಳು ಮತ್ತು ಪ್ರವಾಸೋದ್ಯಮದವರು ಬೇರೆ ಬೇರೆ ನಿಲುವು ತಳೆದಿದ್ದಾರೆ. ಮಲೆನಾಡಿನ ಕಾಡುಗಳ ಬಗ್ಗೆ ನಡೆದಷ್ಟು ಚರ್ಚೆ ಬಯಲುಸೀಮೆಯ ಈ ಕುರುಚಲು ಕಾಡುಗಳ ಬಗ್ಗೆ ನಡೆದಿಲ್ಲವಾದರೂ, ಮಹಾನಗರಕ್ಕೆ ಒಂದೂವರೆ ಗಂಟೆಯ ದೂರದಲ್ಲಿರುವ ಕಾರಣ ಇವುಗಳ ಮೇಲಿನ ಒತ್ತಡ ಮಲೆನಾಡಿಗಿಂತ ಕಡಿಮೆಯೇನೂ ಇಲ್ಲ.

ರಾಜ್ಯ ಅರಣ್ಯ ಎಂಬ ವರ್ಗ ಹುಟ್ಟಿದ ಬಗೆ

ಮೈಸೂರು ಸಂಸ್ಥಾನವು ಬ್ರಿಟಿಷ್ ಕಮಿಷನರರ ಆಡಳಿತದಲ್ಲಿದ್ದಾಗ, 1864ರ ಜನವರಿಯಲ್ಲಿ, ಅರಣ್ಯ ಇಲಾಖೆ ಸ್ಥಾಪನೆಯಾಯಿತು. ಅಲ್ಲಿಯವರೆಗೆ ಕಂದಾಯದ ಅಧಿಕಾರಿಗಳ ಕೈಯಲ್ಲಿದ್ದ ಕಾಡುಗಳನ್ನು ವಿಂಗಡಿಸಿ, ಮರ ಕಡಿಯುವುದನ್ನೂ ದನ ಮೇಯಿಸುವುದನ್ನೂ ನಿಯಮಕ್ಕೆ ಒಳಪಡಿಸುವ ಕೆಲಸ ಆಗ ಮೊದಲಾಯಿತು. 1900ರ ಮೈಸೂರು ಅರಣ್ಯ ರೆಗ್ಯುಲೇಷನ್ ಈ ವ್ಯವಸ್ಥೆಗೆ ಶಾಸನದ ರೂಪ ಕೊಟ್ಟಿತು. ಬ್ರಿಟಿಷ್ ಪ್ರಾಂತ್ಯಗಳಲ್ಲಿ ಮೀಸಲು ಅರಣ್ಯವೆಂದು ಕರೆಯಲಾಗುತ್ತಿದ್ದ ವರ್ಗಕ್ಕೆ ಮೈಸೂರಿನಲ್ಲಿ ರಾಜ್ಯ ಅರಣ್ಯ, ಅಂದರೆ ಸ್ಟೇಟ್ ಫಾರೆಸ್ಟ್, ಎಂಬ ಹೆಸರು ಬಂದದ್ದರಿಂದ ಹಳೆಯ ಮೈಸೂರು ಭಾಗದ ನಕ್ಷೆಗಳಲ್ಲಿ ಇಂದಿಗೂ ಆ ಹೆಸರೇ ಕಾಣುತ್ತದೆ. ಇದನ್ನು ಮುಂದುವರಿಸಿದ 1963ರ ಕರ್ನಾಟಕ ಅರಣ್ಯ ಕಾಯ್ದೆಯ ಪ್ರಕಾರ ಒಂದು ಪ್ರದೇಶವನ್ನು ಮೀಸಲು ಮಾಡಲು 4ನೇ ಕಲಮಿನಡಿ ಮೊದಲ ಅಧಿಸೂಚನೆ ಹೊರಡಿಸಬೇಕು. ಅರಣ್ಯ ವ್ಯವಸ್ಥಾಪನಾಧಿಕಾರಿ ಎಂಬ ಅಧಿಕಾರಿ ಹಳ್ಳಿಗರ ದಾರಿ, ಮೇವು, ನೀರು ಮುಂತಾದ ಹಕ್ಕುಗಳ ಬಗ್ಗೆ ಅರ್ಜಿ ಪಡೆದು ವಿಚಾರಣೆ ನಡೆಸಬೇಕು. ಆ ಬಳಿಕವಷ್ಟೇ 17ನೇ ಕಲಮಿನಡಿ ಅಂತಿಮ ಅಧಿಸೂಚನೆ ಹೊರಡುತ್ತದೆ. ಈ ಎರಡು ಅಧಿಸೂಚನೆಗಳ ನಡುವಿನ ಅಂತರ ರಾಜ್ಯದ ಹಲವೆಡೆ ದಶಕಗಳಷ್ಟು ಹಿಗ್ಗಿದ್ದು, ಇಂದಿನ ತಕರಾರುಗಳಲ್ಲಿ ದೊಡ್ಡ ಪಾಲು ಅಲ್ಲಿಂದಲೇ ಹುಟ್ಟಿದೆ.

ಬಯಲುಸೀಮೆಯಲ್ಲಿ ಯಾವ ನೆಲ ಅರಣ್ಯವಾಯಿತು ಎಂಬುದನ್ನು ತೀರ್ಮಾನಿಸಿದ್ದು ಮರಗಳ ದಟ್ಟಣೆಗಿಂತ ಹೆಚ್ಚಾಗಿ ಕಂದಾಯದ ಲೆಕ್ಕ. ಕೆರೆಯ ಅಚ್ಚುಕಟ್ಟು ಗದ್ದೆ ತೋಟಗಳಿಗೂ, ಕೆಂಪುಮಣ್ಣಿನ ಹೊಲ ರಾಗಿಗೂ, ಊರ ಪಕ್ಕದ ಬೀಳು ಗೋಮಾಳಕ್ಕೂ ಹೋದ ಮೇಲೆ, ನೇಗಿಲು ಹೂಡಲಾಗದೆ ಉಳಿದ ಬಂಡೆಯ ಬೆಟ್ಟಗಳು ಅರಣ್ಯದ ಲೆಕ್ಕಕ್ಕೆ ಸೇರಿದವು. ಕೋಲಾರದ ಪಶ್ಚಿಮಕ್ಕೆ ಹಬ್ಬಿರುವ ಶತಶೃಂಗ ಬೆಟ್ಟಸಾಲು, ಮಾಲೂರು ತಾಲ್ಲೂಕಿನ ಟೇಕಲ್ ಸುತ್ತಿನ ಬಂಡೆಗುಡ್ಡಗಳು, ಮುಳಬಾಗಿಲಿನ ಆವಣಿ ಬೆಟ್ಟ ಎಲ್ಲವೂ ಇದೇ ಬಗೆಯ ಭೂದೃಶ್ಯಗಳು. ಜಾಲಿ, ಕಗ್ಗಲಿ, ಸೀತಾಫಲ, ತಂಗಡಿ, ಅಲ್ಲಲ್ಲಿ ಶ್ರೀಗಂಧ, ಎಲ್ಲೆಡೆ ಲಂಟಾನ: ಇಲ್ಲಿನ ಕಾಡೆಂದರೆ ಇಷ್ಟೇ. ಮರದ ವ್ಯಾಪಾರಕ್ಕೆ ಇದರಿಂದ ಹೇಳಿಕೊಳ್ಳುವ ಲಾಭವಿರಲಿಲ್ಲ. ಸೌದೆಗೆ ಮಾತ್ರ ಬೇಡಿಕೆ ಎಂದೂ ತಗ್ಗಲಿಲ್ಲ.

ಸೌದೆಯ ಬೇಡಿಕೆ, ನೀಲಗಿರಿಯ ಉತ್ತರ

ಅರಣ್ಯ ಇಲಾಖೆ ಹುಟ್ಟಿದ 1864ರಲ್ಲೇ ಬೆಂಗಳೂರಿನಿಂದ ಜೋಲಾರಪೇಟೆಗೆ ಮಾಲೂರು, ಟೇಕಲ್ ಮಾರ್ಗವಾಗಿ ರೈಲು ಓಡಿತು. ಮದ್ರಾಸ್ ರೈಲ್ವೆಯ ಆರಂಭದ ಎಂಜಿನ್‌ಗಳು ಸೌದೆಯನ್ನೇ ಉರಿಸುತ್ತಿದ್ದವು. 1880ರಲ್ಲಿ ಜಾನ್ ಟೇಲರ್ ಕಂಪನಿ ಕೋಲಾರ ಚಿನ್ನದ ಗಣಿಗೆ ಕೈಹಾಕಿದ ಮೇಲೆ ಆವಿಯಂತ್ರಗಳಿಗೂ, ಸುರಂಗದ ಆಸರೆಗೂ, ಬೆಳೆಯುತ್ತಿದ್ದ ಊರಿನ ಒಲೆಗಳಿಗೂ ಮರ ಬೇಕಾಯಿತು. 1902ರಲ್ಲಿ ಶಿವನಸಮುದ್ರದಿಂದ ಗಣಿಗೆ ವಿದ್ಯುತ್ತು ಬಂದಾಗ ಯಂತ್ರಗಳ ಹಸಿವು ತಗ್ಗಿತಾದರೂ ಒಲೆಗಳದ್ದು ತಗ್ಗಲಿಲ್ಲ. ಮಾಲೂರಿನ ಹೆಂಚು ಮತ್ತು ಇಟ್ಟಿಗೆ ಗೂಡುಗಳೂ ಮುಂದೆ ಆ ಸಾಲಿಗೆ ಸೇರಿದವು.

ಈ ಬೇಡಿಕೆಗೆ ಸರ್ಕಾರ ಕಂಡುಕೊಂಡ ಉತ್ತರ ನೀಲಗಿರಿ. ಆಗ ಕೋಲಾರ ಜಿಲ್ಲೆಗೆ ಸೇರಿದ್ದ ನಂದಿಬೆಟ್ಟದಲ್ಲಿ ಬೇರೂರಿದ್ದ ಈ ಆಸ್ಟ್ರೇಲಿಯಾದ ಮರದಿಂದ ಮೈಸೂರು ಗಮ್ ಎಂಬ ತಳಿ ಹಬ್ಬಿತು. ಸಾಮಾಜಿಕ ಅರಣ್ಯ ಯೋಜನೆ ಅದನ್ನು ಅರಣ್ಯದ ಗೆರೆ ದಾಟಿಸಿ ರಾಗಿಯ ಹೊಲಗಳಿಗೂ ತಂದಿತು, 1980ರ ದಶಕದಲ್ಲಿ ಆ ಯೋಜನೆಗೆ ವಿಶ್ವಬ್ಯಾಂಕಿನ ನೆರವೂ ದೊರೆಯಿತು. ಸಾಮಾಜಿಕ ಅರಣ್ಯವೆಂದರೆ ಹಳ್ಳಿಯ ಸೌದೆ ಮತ್ತು ಮೇವಿನ ಅಗತ್ಯಕ್ಕಾಗಿ ಕಾಡಿನ ಹೊರಗೆ ಮರ ಬೆಳೆಸುವುದು. ವಂದನಾ ಶಿವ, ಎಚ್.ಸಿ. ಶರತ್ಚಂದ್ರ ಮತ್ತು ಜಯಂತ ಬಂದ್ಯೋಪಾಧ್ಯಾಯರು 1981ರಲ್ಲಿ ಬೆಂಗಳೂರಿನ ಭಾರತೀಯ ನಿರ್ವಹಣಾ ಸಂಸ್ಥೆಗಾಗಿ ಕೋಲಾರದಲ್ಲಿ ನಡೆಸಿದ ಅಧ್ಯಯನ, ನೆಟ್ಟ ಮರ ಹಳ್ಳಿಯ ಒಲೆಗೆ ಹೋಗದೆ ಕಾರ್ಖಾನೆಗೆ ಹೋಗುತ್ತಿದೆ, ರಾಗಿಯೂ ಕೂಲಿಯೂ ಕುಗ್ಗುತ್ತಿವೆ ಎಂದು ವಾದಿಸಿತು. ಇದಕ್ಕೆ ಎದುರಾದವರು, ಆಳುಕಾಳು ಸಿಗದ, ಮಳೆಯ ಭರವಸೆಯಿಲ್ಲದ ರೈತ ತಾನಾಗಿಯೇ ನೀಲಗಿರಿಯನ್ನು ಆರಿಸಿಕೊಂಡನೆಂದೂ, ಅಂತರ್ಜಲ ಕುಸಿದದ್ದಕ್ಕೆ ಕೊಳವೆಬಾವಿಗಳ ಪಾಲು ದೊಡ್ಡದೆಂದೂ ಹೇಳಿದರು. ಎರಡೂ ಮಾತಿನಲ್ಲಿ ಹುರುಳಿದೆ. ಮರ ಯಾರ ಕೈಸೇರಿತು ಎಂಬುದನ್ನು ಮೊದಲ ವಾದ ಚೆನ್ನಾಗಿ ವಿವರಿಸುತ್ತದೆ. ರೈತ ಅದನ್ನು ಏಕೆ ನೆಟ್ಟ ಎಂಬುದನ್ನು ಎರಡನೆಯದು ವಿವರಿಸುತ್ತದೆ. 2017ರಲ್ಲಿ ರಾಜ್ಯ ಸರ್ಕಾರ ನೀಲಗಿರಿಯ ಹೊಸ ನೆಡುವಿಕೆಯನ್ನೇ ನಿಷೇಧಿಸಿತು.

ಹರಕೆಯ ಬೆಟ್ಟ, ಚಾರಣದ ಬೆಟ್ಟ

ಈ ಕಾಡುಗಳಲ್ಲಿ ವಿಹಾರ ಇತ್ತೀಚಿನದೆಂಬ ಅಭಿಪ್ರಾಯ ಸಾಮಾನ್ಯವಾಗಿದ್ದರೂ ಅದು ಅರ್ಧಸತ್ಯ. ಕೋಲಾರ ಪಟ್ಟಣದಿಂದ ಮೂರು ಕಿಲೋಮೀಟರ್ ದೂರದ ಅಂತರಗಂಗೆಯಲ್ಲಿ ಕಾಶಿ ವಿಶ್ವೇಶ್ವರ ದೇವಾಲಯದ ಕಲ್ಯಾಣಿಗೆ ಕಲ್ಲಿನ ಬಸವನ ಬಾಯಿಂದ ನೀರು ಬೀಳುತ್ತದೆ. ಶಿವರಾತ್ರಿಗೂ ಕಾರ್ತಿಕ ಸೋಮವಾರಗಳಂದೂ ಮೆಟ್ಟಿಲ ಉದ್ದಕ್ಕೂ ಜನ ಕಿಕ್ಕಿರಿಯುತ್ತಾರೆ. ಜಮದಗ್ನಿ, ರೇಣುಕೆ, ಪರಶುರಾಮರ ಕತೆಯನ್ನು ಈ ಬೆಟ್ಟಕ್ಕೆ ಹೊಂದಿಸುವ ಸ್ಥಳಪುರಾಣ ಕೋಲಾರಮ್ಮನ ಊರಿಗೆ ಹೊಸತಲ್ಲ. ಆವಣಿಯಲ್ಲಿ ನೊಳಂಬರ ಕಾಲದ ರಾಮಲಿಂಗೇಶ್ವರ ದೇಗುಲಗಳ ಸಮುಚ್ಚಯವಿದೆ. ಬೆಟ್ಟದ ಮೇಲೆ ಸೀತೆಯ ಗುಡಿ ಇದ್ದು, ಲವಕುಶರು ಹುಟ್ಟಿದ್ದು ಇಲ್ಲಿಯೇ ಎಂಬ ನಂಬಿಕೆಯಿದೆ. ಕೆಳಗೆ ನಡೆಯುವ ದನಗಳ ಜಾತ್ರೆ ಸುತ್ತಲ ಸೀಮೆಗೆಲ್ಲ ಹೆಸರುವಾಸಿ. ಜಾತ್ರೆಗೆ ಬಂದವರು ಬೆಟ್ಟ ಹತ್ತುವುದು, ಬಂಡೆಯ ನೆರಳಲ್ಲಿ ಬುತ್ತಿ ಬಿಚ್ಚುವುದು, ಸಂಜೆಗೆ ಇಳಿಯುವುದು ಇವೆಲ್ಲ ವಿಹಾರವೇ ಆಗಿದ್ದರೂ ಯಾವ ಅರಣ್ಯ ದಾಖಲೆಯೂ ಅದನ್ನು ಆ ಶೀರ್ಷಿಕೆಯಡಿ ಬರೆದಿಡಲಿಲ್ಲ.

ಚಾರಣ ಬೇರೆ ದಾರಿಯಿಂದ ಬಂತು. ಬೆಂಗಳೂರಿನ ಸಾಹಸ ಸಂಘಗಳಿಗೆ ಪರಿಚಿತವಾಗಿದ್ದ ಅಂತರಗಂಗೆಯ ಗುಹೆಗಳು, ಮಾಹಿತಿ ತಂತ್ರಜ್ಞಾನದ ಉದ್ಯೋಗಗಳು ಹೆಚ್ಚಿದ ಕಾಲದಲ್ಲಿ, ಶನಿವಾರ ರಾತ್ರಿ ಹೊರಟು ಭಾನುವಾರ ಬೆಳಿಗ್ಗೆ ಸೂರ್ಯೋದಯ ನೋಡಿ ಮರಳುವ ಪ್ಯಾಕೇಜುಗಳಾದವು. ದೇವಾಲಯದಿಂದ ಮೇಲಿನ ದಾರಿ ಒಂದರ ಮೇಲೊಂದು ಒರಗಿದ ಬೃಹತ್ ಬಂಡೆಗಳ ನಡುವೆ ನುಸುಳುತ್ತದೆ. ಕೆಲವೆಡೆ ಬೆನ್ನಚೀಲ ಕಳಚಿ ಮುಂದೆ ತಳ್ಳಿ, ಹೊಟ್ಟೆಯ ಮೇಲೆ ತೆವಳಿದರೆ ಮಾತ್ರ ಆಚೆ ಬದಿ ಸಿಗುತ್ತದೆ. ಹತ್ತಿದ ಮೇಲೆ ಸಿಗುವುದು ನಿರ್ಜನ ಶಿಖರವಲ್ಲ: ತೇರಹಳ್ಳಿಯಂಥ ಊರುಗಳು, ರಾಗಿಯ ಹೊಲ, ಕಟ್ಟಿಹಾಕಿದ ಹಸು. ಪ್ರವಾಸದ ಜಾಹೀರಾತುಗಳು ಈ ಬಂಡೆಗಳನ್ನು ಜ್ವಾಲಾಮುಖಿಯ ಕೊಡುಗೆಯೆಂದು ಬಣ್ಣಿಸುವುದುಂಟು. ಪ್ರಾಚೀನ ಜ್ವಾಲಾಮುಖಿ ಶಿಲೆ ಇರುವುದು ಚಿನ್ನದ ಗಣಿಯ ಕಡೆಯ ಶಿಲಾಪಟ್ಟಿಯಲ್ಲಿ. ಅಂತರಗಂಗೆಯದು ಬಿಸಿಲು, ಮಳೆ ಮತ್ತು ಸೀಳುಗಳಿಂದ ಉಂಡೆಯಾದ ಗ್ರಾನೈಟ್ ಜಾತಿಯ ಕಲ್ಲು.

ಸರ್ಕಾರದ ನೀತಿ ಈ ಬದಲಾವಣೆಯ ಹಿಂದೆ ನಡೆದುಬಂತು. ಸರ್ಕಾರದ ವನ್ಯಪ್ರವಾಸ ಸಂಸ್ಥೆಯಾದ ಜಂಗಲ್ ಲಾಡ್ಜಸ್ 1980ರಲ್ಲೇ ಹುಟ್ಟಿದರೂ ಅದರ ಗಮನ ಹುಲಿ ಮತ್ತು ಆನೆಯ ಕಾಡುಗಳ ಮೇಲಿತ್ತು. 2004ರ ವನ್ಯಪ್ರವಾಸ ನೀತಿ ಮತ್ತು 2013ರ ಪರಿಸರ ಪ್ರವಾಸೋದ್ಯಮ ಅಭಿವೃದ್ಧಿ ಮಂಡಳಿಯ ನಂತರ ಚಾರಣ ಪಥಗಳಿಗೆ ಆನ್‌ಲೈನ್ ಟಿಕೆಟ್ ಬಂತು. 2024ರ ಜನವರಿಯಲ್ಲಿ ಕುಮಾರಪರ್ವತದ ದಾರಿಯಲ್ಲಿ ಸಾವಿರಕ್ಕೂ ಹೆಚ್ಚು ಜನ ಒಮ್ಮೆಲೇ ಸೇರಿದ ದೃಶ್ಯಗಳು ಹರಿದಾಡಿದಾಗ ಆನ್‌ಲೈನ್ ವ್ಯವಸ್ಥೆಯಿಲ್ಲದ ಚಾರಣಗಳನ್ನು ಸರ್ಕಾರ ತಡೆಹಿಡಿಯಿತು. ಅದೇ ವರ್ಷದ ಅಕ್ಟೋಬರಿನಲ್ಲಿ ಚಾರಣದ ಟಿಕೆಟ್ ಕಾಯ್ದಿರಿಸುವ ಅರಣ್ಯ ವಿಹಾರ ಎಂಬ ಜಾಲತಾಣ ಆರಂಭವಾಯಿತು. ಕೊಡಗಿನ ಗಡಿಯ ಒಂದು ಶಿಖರದಲ್ಲಿ ಆದ ಜಾತ್ರೆಗೆ ಇಡೀ ರಾಜ್ಯದ ಬೆಟ್ಟಗಳು ಬೆಲೆ ತೆತ್ತವು ಎಂಬ ಚಾರಣಿಗರ ದೂರು ಪೂರ್ತಿ ಅನ್ಯಾಯದ ಮಾತೇನೂ ಅಲ್ಲ.

ಕಾವಲಿನ ವಾದ ಮತ್ತು ಹಕ್ಕಿನ ವಾದ

ಅರಣ್ಯ ಇಲಾಖೆಯ ಸಾಂಪ್ರದಾಯಿಕ ನಿಲುವನ್ನು ಕಾವಲಿನ ವಾದ ಎನ್ನಬಹುದು. ಕಾಡು ಸರ್ಕಾರದ ಆಸ್ತಿ, ಅನುಮತಿ ಇಲ್ಲದೆ ಒಳಹೋಗುವುದು, ಬೆಂಕಿ ಹಚ್ಚುವುದು, ದನ ಬಿಡುವುದು ಅಪರಾಧ ಎಂಬ 1963ರ ಕಾಯ್ದೆಯ 24ನೇ ಕಲಮಿನ ತರ್ಕ ಇದರ ಅಡಿಪಾಯ. ಬೇಸಿಗೆಯಲ್ಲಿ ಒಣಗಿನಿಂತ ಹುಲ್ಲಿಗೆ ಒಂದು ಬೀಡಿಯ ತುಂಡು ಸಾಕೆಂಬುದನ್ನು ಶತಶೃಂಗದ ಬೆಂಕಿಗಳು ನೆನಪಿಸುತ್ತಲೇ ಇರುವುದರಿಂದ ಈ ವಾದವನ್ನು ಬರಿಯ ಅಧಿಕಾರದ ದರ್ಪವೆಂದು ತಳ್ಳಿಹಾಕಲಾಗದು. ಚಿರತೆ, ಕರಡಿಗಳ ಓಡಾಟವೂ ಇದೆ. 1980ರ ದಶಕದಿಂದ ಹೊಸೂರು ಕಡೆಯ ಆನೆಗಳು ಮಾಲೂರು, ಬಂಗಾರಪೇಟೆ ಗಡಿಯ ಮೂಲಕ ಆಂಧ್ರದ ಚಿತ್ತೂರು ಕಾಡುಗಳಿಗೆ ಹೋಗಿಬರತೊಡಗಿದ ಮೇಲೆ ಗಡಿಯ ಕಾಡುಗಳಲ್ಲಿ ರಾತ್ರಿ ಅಲೆಯುವುದು ಜೀವಕ್ಕೇ ಎರವಾಗುವ ಮಾತಾಯಿತು.

ಇದಕ್ಕೆ ಎದುರಾಗಿ ನಿಲ್ಲುವ ಹಕ್ಕಿನ ವಾದ, ಮಾಧವ ಗಾಡ್ಗೀಳ ಮತ್ತು ರಾಮಚಂದ್ರ ಗುಹಾ ಅವರ ಅರಣ್ಯ ಚರಿತ್ರೆಯ ಬರಹಗಳಿಂದಲೂ, ಸಮುದಾಯದ ಸೊತ್ತನ್ನು ಬಳಸುವವರೇ ನಿಯಮ ಮಾಡಿಕೊಂಡು ಉಳಿಸಿಕೊಳ್ಳಬಲ್ಲರೆಂದು ತೋರಿಸಿ 2009ರಲ್ಲಿ ನೊಬೆಲ್ ಪಡೆದ ಎಲಿನರ್ ಆಸ್ಟ್ರಮ್ ಅವರ ಸಂಶೋಧನೆಯಿಂದಲೂ ಬಲ ಪಡೆದಿದೆ. ಕುರಿ ಮೇಯಿಸುವವನಿಗೆ ದಂಡ, ಟಿಕೆಟ್ ಪಡೆದ ನಗರದವನಿಗೆ ಸ್ವಾಗತ ಎಂಬ ವ್ಯವಸ್ಥೆ ನ್ಯಾಯವೇ ಎಂಬುದು ಈ ವಾದದ ಮೊನಚಾದ ಪ್ರಶ್ನೆ. ಆದರೆ 2006ರ ಅರಣ್ಯ ಹಕ್ಕು ಕಾಯ್ದೆ ಇಲ್ಲಿ ನೀಡುವ ನೆರವು ಸೀಮಿತ: ಪರಿಶಿಷ್ಟ ಪಂಗಡದವರು 2005ರ ಡಿಸೆಂಬರ್ 13ಕ್ಕೆ ಮೊದಲಿನ ಸ್ವಾಧೀನವನ್ನು ತೋರಿಸಿದರೆ ಸಾಕು, ಉಳಿದವರು ಮೂರು ತಲೆಮಾರು, ಅಂದರೆ 75 ವರ್ಷಗಳ ವಾಸವನ್ನು ರುಜುವಾತು ಮಾಡಬೇಕು.

ಹನುಮನಹಳ್ಳಿಯ ಬಾವಲಿ

ಜೀವವಿಜ್ಞಾನಿಗಳ ವಾದಕ್ಕೆ ಈ ಸೀಮೆಯಲ್ಲಿ ಸಿಕ್ಕಿರುವ ಅತ್ಯಂತ ಬಲವಾದ ಸಾಕ್ಷಿ ಮುಳಬಾಗಿಲು ತಾಲ್ಲೂಕಿನ ಹನುಮನಹಳ್ಳಿಯ ಗುಹೆಯಲ್ಲಿದೆ. 1994ರಲ್ಲಿ ಕಾಕ್ ಮತ್ತು ಭಟ್ ಎಂಬ ವಿಜ್ಞಾನಿಗಳು ಇಲ್ಲಿನ ಒಂದು ಬಾವಲಿಯನ್ನು ಹೊಸ ಪ್ರಭೇದವೆಂದು ವಿವರಿಸಿದರು. ಮೂಗಿನ ಮೇಲೆ ಎಲೆಯಾಕಾರದ ಚರ್ಮದ ಮಡಿಕೆಯಿರುವ, ಹಿಪೊಸಿಡೆರಸ್ ಹೈಪೊಫಿಲಸ್ ಎಂಬ ವೈಜ್ಞಾನಿಕ ಹೆಸರಿನ ಈ ಕೋಲಾರದ ಎಲೆಮೂಗಿನ ಬಾವಲಿ ಜಗತ್ತಿನಲ್ಲಿ ಬೇರೆಲ್ಲೂ ಕಂಡುಬಂದಿಲ್ಲ. ಹಿಂದೆ ಎರಡು ಗುಹೆಗಳಲ್ಲಿದ್ದುದು ಈಗ ಒಂದಕ್ಕೆ ಇಳಿದಿದ್ದು, ಸಂಖ್ಯೆ 200 ಮೀರದೆಂದು ಅಂದಾಜಿಸಲಾಗಿದೆ. ಅಂತರರಾಷ್ಟ್ರೀಯ ಪ್ರಕೃತಿ ಸಂರಕ್ಷಣಾ ಒಕ್ಕೂಟದ ಕೆಂಪುಪಟ್ಟಿಯಲ್ಲಿ ಅದು ತೀವ್ರ ಅಪಾಯದ ವರ್ಗದಲ್ಲಿದೆ. ಅದಕ್ಕೆ ಮೊದಲ ಶತ್ರುವಾದದ್ದು ಚಾರಣವಲ್ಲ, ಗ್ರಾನೈಟ್ ಗಣಿ: ಬಂಡೆ ಸಿಡಿಸುವ ಸದ್ದು ಮತ್ತು ಕಂಪನ.

ಆದರೂ ವಿಹಾರದ ಚರ್ಚೆಗೆ ಈ ಬಾವಲಿ ನೇರ ಸಂಬಂಧಿ. ಗುಹೆಯಲ್ಲಿ ಹಗಲು ತಲೆಕೆಳಗಾಗಿ ಜೋತುಬಿದ್ದಿರುವ ಬಾವಲಿಗಳು ಟಾರ್ಚಿನ ಬೆಳಕಿಗೂ ಹೊಗೆಗೂ ಬೆದರಿ ಹಾರಿದರೆ ಉಳಿಸಿಟ್ಟ ಶಕ್ತಿ ಖರ್ಚಾಗುತ್ತದೆ, ಮರಿ ಹೊತ್ತ ತಾಯಿ ನೆಲೆಯನ್ನೇ ಬಿಡಬಹುದು. ಬಂಡೆಗಳ ಸಂದಿಯೆಂದರೆ ಚಾರಣಿಗನಿಗೆ ಆಟ, ಪ್ರಾಣಿಗೆ ಮನೆ. ಇಲ್ಲಿನ ಕಾಡನ್ನು ಮರದ ಲೆಕ್ಕದಲ್ಲಿ ಅಳೆದು ಬಡಕಲು ಕಾಡೆಂದು ಷರಾ ಬರೆಯುವ ಅಭ್ಯಾಸ ಎಷ್ಟು ತಪ್ಪೆಂಬುದನ್ನು ತೋರಿಸಲು ಈ ಒಂದು ಗುಹೆ ಸಾಕು.

ಪ್ರವಾಸದ ವಾದ ಮತ್ತು ಧಾರಣಾ ಸಾಮರ್ಥ್ಯ

ಪರಿಸರ ಪ್ರವಾಸದ ಪರವಾಗಿರುವವರು, ನೋಡಿದವರು ಮಾತ್ರ ಕಾಡನ್ನು ಉಳಿಸಲು ದನಿಯೆತ್ತುತ್ತಾರೆ, ಗಣಿಗಿಂತ ಚಾರಣದ ಆದಾಯ ಮೇಲು, ತಪ್ಪಲಿನ ಯುವಕರಿಗೆ ಮಾರ್ಗದರ್ಶಿಗಳ ಕೆಲಸ ಸಿಗುತ್ತದೆ ಎನ್ನುತ್ತಾರೆ. ಅಮೆರಿಕ 1960ರ ಕಾಯ್ದೆಯೊಂದರಲ್ಲಿ ಹೊರಾಂಗಣ ವಿಹಾರವನ್ನು ಮರ, ಮೇವು, ನೀರು, ವನ್ಯಜೀವಿಗಳಿಗೆ ಸಮನಾಗಿ ರಾಷ್ಟ್ರೀಯ ಅರಣ್ಯಗಳ ಉದ್ದೇಶಗಳ ಪಟ್ಟಿಗೆ ಸೇರಿಸಿತು. ಸ್ವೀಡನ್‌ನಲ್ಲಿ ಯಾರ ಕಾಡಿನಲ್ಲಾದರೂ ಹಾನಿ ಮಾಡದೆ ನಡೆದಾಡುವ ಹಕ್ಕು ಎಲ್ಲರಿಗೂ ಇದೆ. ಭಾರತದ ಕಾನೂನು ಬಹುಕಾಲ ಈ ವಿಷಯದಲ್ಲಿ ಮೌನವಾಗಿತ್ತು. 1980ರ ಅರಣ್ಯ ಸಂರಕ್ಷಣಾ ಕಾಯ್ದೆಗೆ 2023ರಲ್ಲಿ ತಂದ ತಿದ್ದುಪಡಿ, ಇಲಾಖೆಯ ಕಾರ್ಯಯೋಜನೆಯಲ್ಲಿ ಸೇರಿದ ಪರಿಸರ ಪ್ರವಾಸದ ಸೌಲಭ್ಯಗಳನ್ನು ಅರಣ್ಯೇತರ ಬಳಕೆಯ ವ್ಯಾಖ್ಯೆಯಿಂದ ಹೊರಗಿಟ್ಟಿತು. ಕಾರ್ಯಯೋಜನೆಯೆಂದರೆ ಒಂದು ಅರಣ್ಯ ವಿಭಾಗವನ್ನು ಮುಂದಿನ ವರ್ಷಗಳಲ್ಲಿ ಹೇಗೆ ನಿರ್ವಹಿಸಬೇಕೆಂದು ಬರೆದಿಡುವ ದಸ್ತಾವೇಜು. ತಿದ್ದುಪಡಿ ನ್ಯಾಯಾಲಯದ ಮುಂದಿದ್ದು, ಅರಣ್ಯದ ವ್ಯಾಖ್ಯೆಗೆ ಸಂಬಂಧಿಸಿ 1996ರ ಗೋದಾವರ್ಮನ್ ಪ್ರಕರಣದ ಆದೇಶವನ್ನೇ ಸದ್ಯ ಪಾಲಿಸಬೇಕೆಂದು ಸುಪ್ರೀಂ ಕೋರ್ಟ್ 2024ರ ಫೆಬ್ರವರಿಯಲ್ಲಿ ಹೇಳಿತು.

ಎಷ್ಟು ಜನರನ್ನು ಬಿಡಬಹುದು ಎಂಬುದಕ್ಕೆ ಎರಡು ಉತ್ತರಗಳಿವೆ. ಧಾರಣಾ ಸಾಮರ್ಥ್ಯದ ಪಂಥ, ದಾರಿಯ ಉದ್ದ, ಗುಂಪುಗಳ ನಡುವಿನ ಅಂತರ, ಮಣ್ಣಿನ ಸವಕಳಿ, ಸಿಬ್ಬಂದಿಯ ಬಲ ಇವನ್ನು ಲೆಕ್ಕ ಹಾಕಿ ದಿನಕ್ಕೊಂದು ಸಂಖ್ಯೆಯನ್ನು ನಿಗದಿಪಡಿಸುತ್ತದೆ. 1985ರಲ್ಲಿ ಅಮೆರಿಕದ ಅರಣ್ಯ ಸೇವೆ ರೂಪಿಸಿದ ಇನ್ನೊಂದು ವಿಧಾನ, ಸಂಖ್ಯೆಯನ್ನು ಬಿಟ್ಟು, ಎಷ್ಟು ಬದಲಾವಣೆಯನ್ನು ಸಹಿಸಬಹುದೆಂದು ಮೊದಲೇ ನಿರ್ಧರಿಸಿ ಆ ಮಿತಿ ಮೀರಿದಾಗ ದಾರಿ ಮುಚ್ಚುವಂತೆ ಹೇಳುತ್ತದೆ. ಅಂತರಗಂಗೆಗೆ ಎರಡನೆಯದೇ ಹೊಂದುತ್ತದೆ, ಏಕೆಂದರೆ ಕಾರ್ತಿಕ ಸೋಮವಾರದ ಭಕ್ತರನ್ನು ಟಿಕೆಟ್ಟಿನ ಸಂಖ್ಯೆಗೆ ಕಟ್ಟಿಹಾಕಲು ಯಾವ ಸರ್ಕಾರವೂ ಮುಂದಾಗದು. ಅದೇ ಮೆಟ್ಟಿಲನ್ನು ಹತ್ತುವವರಲ್ಲಿ ಭಕ್ತ ಯಾರು, ಚಾರಣಿಗ ಯಾರು ಎಂದು ವಿಂಗಡಿಸುವುದೂ ಆಗದ ಕೆಲಸ.

ಶ್ರೀನಿವಾಸಪುರ: ಗಡಿಕಲ್ಲಿನ ತಕರಾರು

ಇಷ್ಟೂ ವಾದಗಳು ಕಾಡಿನ ಗೆರೆ ಎಲ್ಲಿದೆಯೆಂದು ಗೊತ್ತಿದೆ ಎಂಬ ನಂಬಿಕೆಯ ಮೇಲೆ ನಿಂತಿವೆ. ಶ್ರೀನಿವಾಸಪುರದಲ್ಲಿ ಆ ನಂಬಿಕೆ ಅಲುಗಾಡಿತು. ಮಾವಿಗೆ ಹೆಸರಾದ ಈ ತಾಲ್ಲೂಕಿನಲ್ಲಿ 2023ರ ಆಗಸ್ಟ್‌ನಲ್ಲಿ ಅರಣ್ಯ ಇಲಾಖೆ ಒತ್ತುವರಿ ತೆರವಿಗೆ ಇಳಿದಾಗ ಫಲಕ್ಕೆ ಬಂದ ಮಾವಿನ ಮರಗಳು ಉರುಳಿದವು, ರೈತರು ಬೀದಿಗಿಳಿದರು. ಇಲಾಖೆ ಹಳೆಯ ಅಧಿಸೂಚನೆ ಮತ್ತು ನಕ್ಷೆಯನ್ನು ಮುಂದಿಟ್ಟರೆ, ರೈತರು ಸಾಗುವಳಿ ಚೀಟಿ, ಪಹಣಿ, ಕಂದಾಯ ರಸೀದಿಗಳನ್ನು ಮುಂದಿಟ್ಟರು. ಎರಡೂ ಸರ್ಕಾರಿ ಮೊಹರಿನ ಕಾಗದಗಳೇ. ಅಧಿಸೂಚನೆಯಾದ ನೆಲವನ್ನೇ ಕಂದಾಯ ಇಲಾಖೆ ದರಖಾಸ್ತಿನಲ್ಲಿ, ಅಂದರೆ ಅರ್ಜಿ ಪಡೆದು ಸಾಗುವಳಿಗೆ ಮಂಜೂರು ಮಾಡುವ ಕ್ರಮದಲ್ಲಿ, ಹಂಚಿದ ಪ್ರಕರಣಗಳು ರಾಜ್ಯದ ಹಲವೆಡೆ ಇದ್ದು, 1978ರ ಏಪ್ರಿಲ್ 27ಕ್ಕೆ ಮೊದಲಿನ ಒತ್ತುವರಿಗಳ ಸಕ್ರಮದ ಪ್ರಶ್ನೆಯೂ ಇದಕ್ಕೆ ಹೆಣೆದುಕೊಂಡಿದೆ. ಪ್ರಭಾವಿಗಳ ಒತ್ತುವರಿಯನ್ನೂ ಎರಡೆಕರೆಯ ಬಡವನ ಸಾಗುವಳಿಯನ್ನೂ ಒಂದೇ ಹೆಸರಿನಿಂದ ಕರೆಯುವುದರಿಂದ ಚರ್ಚೆ ಇನ್ನಷ್ಟು ಕಲಕುತ್ತದೆ.

ವಿಹಾರದ ಚರ್ಚೆಗೆ ಇದು ಹೊರಗಿನದೆಂದು ತೋರಬಹುದು. ಹಾಗಲ್ಲ. ಮಾವಿನ ತೋಪು ಕಳೆದುಕೊಂಡವನ ಕಣ್ಣಿಗೆ ಮರಳಿ ಪಡೆದ ನೆಲದ ಮೇಲೆ ಏಳುವ ಉದ್ಯಾನ, ವೀಕ್ಷಣಾ ಗೋಪುರ, ಚಾರಣ ಪಥ ಯಾವುದೂ ಸಂರಕ್ಷಣೆಯಾಗಿ ಕಾಣುವುದಿಲ್ಲ. ಬೆಂಕಿ ಬಿದ್ದಾಗ ನಂದಿಸಲು ಮೊದಲು ಓಡಿಬರಬೇಕಾದವನೂ ಅವನೇ.

ಇತ್ಯರ್ಥವಾಗದೆ ಉಳಿದದ್ದು

ಹಳೆಯ ರಾಜ್ಯ ಅರಣ್ಯಗಳ ಗಡಿಯನ್ನು ಅರಣ್ಯ ಮತ್ತು ಕಂದಾಯ ಇಲಾಖೆಗಳ ಜಂಟಿ ಸರ್ವೆಯಿಂದ ಒಪ್ಪಿತ ನಕ್ಷೆಗೆ ತರಲು ಸಾಧ್ಯವೇ, ತಂದರೆ ಹಕ್ಕುಪತ್ರ ಹಿಡಿದವರಿಗೆ ಪರಿಹಾರವೇನು ಎಂಬುದು ಮೊದಲ ಬಾಕಿ ಪ್ರಶ್ನೆ. ದೇವಾಲಯದ ದಾರಿ ಎಲ್ಲಿ ಮುಗಿದು ಅರಣ್ಯದ ದಾರಿ ಎಲ್ಲಿ ಶುರುವಾಗುತ್ತದೆ, ಕಸ ಎತ್ತುವ ಹೊಣೆ ಮುಜರಾಯಿ ಇಲಾಖೆಯದೋ ಅರಣ್ಯ ಇಲಾಖೆಯದೋ ಪಂಚಾಯಿತಿಯದೋ ಎಂಬುದು ಎರಡನೆಯದು. ಇದು ಸಣ್ಣದೆನಿಸಿದರೂ ಬೆಟ್ಟದ ದಿನನಿತ್ಯದ ಸ್ಥಿತಿಯನ್ನು ತೀರ್ಮಾನಿಸುವುದು ಇದೇ. ಚಾರಣದ ಶುಲ್ಕದಲ್ಲಿ ತೇರಹಳ್ಳಿಯಂಥ ಮೇಲಿನ ಊರುಗಳಿಗೆ ಎಷ್ಟು ಪಾಲು ಸಲ್ಲಬೇಕು, ಆನೆಗಳ ಓಡಾಟವಿರುವ ಗಡಿಯ ಕಾಡುಗಳನ್ನು ವಿಹಾರಕ್ಕೆ ತೆರೆಯಬೇಕೇ, ನೀಲಗಿರಿ ತೆಗೆದ ನೆಲದಲ್ಲಿ ಮರ ನೆಡಬೇಕೋ ಕುರುಚಲನ್ನೇ ತಾನಾಗಿ ಬೆಳೆಯಲು ಬಿಡಬೇಕೋ ಎಂಬ ವಿಷಯಗಳಲ್ಲಿಯೂ ತಜ್ಞರಲ್ಲಿ ಒಮ್ಮತವಿಲ್ಲ. ಇವುಗಳಲ್ಲಿ ಮೊದಲನೆಯದು ಬಗೆಹರಿಯದೆ ಉಳಿದವು ಬಗೆಹರಿಯುವ ಸಂಭವ ಕಡಿಮೆ. ಕೋಲಾರ ಅರಣ್ಯ ವಿಭಾಗದ ಮುಂದಿನ ಕಾರ್ಯಯೋಜನೆ, ಸರ್ವೆ ನಕ್ಷೆಗಳ ಸಮೇತ, ಕನ್ನಡದಲ್ಲಿ ಈ ನಾಲ್ಕು ತಾಲ್ಲೂಕುಗಳ ಗ್ರಾಮಸಭೆಗಳ ಮುಂದೆ ಬರಬೇಕು.